ಒಲೆ ಬೇರೆಯಾದರೂ ಹೊಲ ಒಂದಾಗಿರಲಿ

ಮನೆ ಪಾಲಾಗುವ ದಿನ ಹಿರಿಯರು ಕೂಡುತ್ತಾರೆ. ಪಾತ್ರೆ-ಪಡಗ, ದನ-ಕರು, ಸಾಲ-ಸೋಲ ಎಲ್ಲದರ ಲೆಕ್ಕವಾಗುತ್ತದೆ. ಕೊನೆಗೆ ಹೊಲಕ್ಕೆ ಹಗ್ಗ ಹಿಡಿಯುತ್ತಾರೆ. ಯಾರಿಗೂ ಮೋಸವಾಗಬಾರದೆಂದು ಮೇಲಿನ ತಾಕು, ನಡುವಿನ ತಾಕು, ಕೆಳಗಿನ ತಾಕು ಒಂದೊಂದನ್ನೂ ಮೂರು ಪಾಲು ಮಾಡುತ್ತಾರೆ. ನ್ಯಾಯವೇನೋ ಆಯಿತು. ಆದರೆ ಬಾವಿ ಒಬ್ಬನ ಪಾಲಿಗೆ ಬಂತು, ಗಾಡಿ ದಾರಿ ಇನ್ನೊಬ್ಬನ ಪಾಲಿಗೆ ಸೇರಿತು. ಮರುವರ್ಷವೇ ವ್ಯಾಜ್ಯ ಶುರುವಾಯಿತು.

ರೈತ ಬಾಂಧವರೇ, ಇದು ನಿಮಗೆ ಹೊಸದಲ್ಲ. ಕೃಷಿ ಗಣತಿಯ ಪ್ರಕಾರ 1970-71ರಲ್ಲಿ ನಮ್ಮ ರಾಜ್ಯದ ಹಿಡುವಳಿಯ ಸರಾಸರಿ ವಿಸ್ತೀರ್ಣ 3.20 ಹೆಕ್ಟೇರು, ಎಂದರೆ ಸುಮಾರು 8 ಎಕರೆ. 2015-16ರ ಗಣತಿಯಲ್ಲಿ ಅದು 1.36 ಹೆಕ್ಟೇರಿಗೆ, ಎಂದರೆ 3 ಎಕರೆ ಚಿಲ್ಲರೆಗೆ ಇಳಿಯಿತು. ಇಂಥ ತುಂಡಿನಲ್ಲಿ ಒಬ್ಬನೇ ಕೊಳವೆಬಾವಿ ತೆಗೆಸಿ, ಯಂತ್ರ ಕೊಂಡು ಬೇಸಾಯ ಮಾಡಿದರೆ ಅಸಲು ಹುಟ್ಟುವುದೂ ಕಷ್ಟ.

ಬೀಜ, ಗೊಬ್ಬರ, ರೋಗಗಳ ವಿಷಯದಲ್ಲಿ ನಾವು ವಿಜ್ಞಾನಿಗಳನ್ನು ಕೇಳುತ್ತೇವೆ. ಮನೆ ಪಾಲಿನ ವಿಷಯದಲ್ಲಿ ಯಾರನ್ನು ಕೇಳಬೇಕು? ಅದನ್ನು ಕಂಡು ಬರೆದ ಸಮಾಜಶಾಸ್ತ್ರಜ್ಞರಿದ್ದಾರೆ. ಅವರು ಕಂಡದ್ದು ನಮ್ಮ ಹಳ್ಳಿಗಳನ್ನೇ. ಮೈಸೂರಿನವರಾದ ಎಂ. ಎನ್. ಶ್ರೀನಿವಾಸ್ ಅವರು 1948ರಲ್ಲಿ ಮೈಸೂರಿನ ಸಮೀಪದ ಹಳ್ಳಿಯೊಂದರಲ್ಲಿ ನೆಲೆಸಿ, ಅದಕ್ಕೆ ‘ರಾಂಪುರ’ವೆಂದು ಹೆಸರಿಟ್ಟು, ಅಲ್ಲಿನ ಬೇಸಾಯ, ಜಾತಿ, ಜಗಳ, ಹಬ್ಬ-ಹರಿದಿನಗಳನ್ನು ಗುರುತು ಹಾಕಿಕೊಂಡರು. ಮೈಸೂರು ಸೀಮೆಯ ಒಂದು ಅವಿಭಕ್ತ ಕುಟುಂಬದ ವ್ಯಾಜ್ಯವನ್ನೇ ವಿಷಯವಾಗಿಟ್ಟುಕೊಂಡು 1952ರಲ್ಲಿ ಲೇಖನ ಬರೆದರು. ಮನೆಯೊಳಗಿನ ಮನಸ್ತಾಪವೂ ಅಧ್ಯಯನಕ್ಕೆ ಯೋಗ್ಯವೆಂದು ಅವರು ತೋರಿಸಿದರು.

ನಮ್ಮ ಕೆಲಸಕ್ಕೆ ಇನ್ನೂ ಹತ್ತಿರವಾದದ್ದು ಮಂಡ್ಯದ ಅಧ್ಯಯನ. ಸ್ಕಾರ್ಲೆಟ್ ಎಪ್‌ಸ್ಟೀನ್ ಎಂಬ ವಿದೇಶೀ ಮಹಿಳೆ 1954ರಿಂದ 1956ರವರೆಗೆ ಮಂಡ್ಯದ ಹತ್ತಿರ ಎರಡು ಹಳ್ಳಿಗಳನ್ನು ನೋಡಿದರು. ಅವಕ್ಕೆ ಅವರಿಟ್ಟ ಹೆಸರು ವಾಂಗಲ ಮತ್ತು ದಾಲೇನ. ವಾಂಗಲಕ್ಕೆ ನಾಲೆ ನೀರು ಬಂದು ಕಬ್ಬು ಬೆಳೆಯಿತು. ಜನ ಬೇಸಾಯದಲ್ಲೇ ಉಳಿದರು, ಹಳೆಯ ಕಟ್ಟುಪಾಡುಗಳೂ ಬಹುಮಟ್ಟಿಗೆ ಉಳಿದವು. ದಾಲೇನದ ನೆಲ ಎತ್ತರದಲ್ಲಿದ್ದುದರಿಂದ ನೀರು ಹತ್ತಲಿಲ್ಲ. ಜನ ವ್ಯಾಪಾರಕ್ಕೆ, ಪಟ್ಟಣದ ಕೆಲಸಕ್ಕೆ ಹೊರಟರು, ಊರಿನ ಸಂಬಂಧಗಳೇ ಬದಲಾದವು. 1970ರಲ್ಲಿ ಮತ್ತೆ ಬಂದಾಗ ಎಪ್‌ಸ್ಟೀನ್ ಇನ್ನೊಂದು ಸಂಗತಿ ಕಂಡರು. ಅಣ್ಣತಮ್ಮಂದಿರು ಬೇರೆ ಬೇರೆ ಮನೆ ಹೂಡಿದ್ದರೂ ವರಮಾನ, ಖರ್ಚು ಎರಡನ್ನೂ ಒಂದೇ ಲೆಕ್ಕದಲ್ಲಿಟ್ಟು, ಒಬ್ಬನ ಮೇಲ್ವಿಚಾರಣೆಗೆ ಒಪ್ಪಿಸಿದ್ದ ಕುಟುಂಬಗಳಿದ್ದವು. ಅವನ್ನು ನಾವು ‘ಪಾಲುಗಾರಿಕೆ ಕುಟುಂಬ’ ಎನ್ನಬಹುದು. ಒಲೆ ಬೇರೆ, ಬೇಸಾಯ ಒಂದೇ!

ಇದು ಆಗದ ಮಾತೆನ್ನಬೇಡಿ. ಕೊಡಗಿನ ‘ಒಕ್ಕ’ವನ್ನು ನೋಡಿ. 1952ರಲ್ಲಿ ಪ್ರಕಟವಾದ ಶ್ರೀನಿವಾಸರ ಗ್ರಂಥದಲ್ಲಿ ಅದರ ವಿವರವಿದೆ. ಒಕ್ಕದವರು ಎಲ್ಲೇ ವಾಸವಾಗಿರಲಿ, ಐನ್‌ಮನೆಗೆ ಬಂದು ಕಾರಣವರಿಗೆ, ಎಂದರೆ ಹಿರಿಯರಿಗೆ, ನಡೆದುಕೊಳ್ಳುತ್ತಾರೆ. ಬಯಲುಸೀಮೆಯಲ್ಲೂ ಪಾಲಾದ ಅಣ್ಣತಮ್ಮಂದಿರು ಮನೆದೇವರ ಪೂಜೆಗೆ ಕೂಡುವುದಿಲ್ಲವೆ? ದೇವರ ಮುಂದೆ ಕೂಡುವವರು ಬಾವಿಯ ಮುಂದೆ ಏಕೆ ಕೂಡಬಾರದು?

ಹಾಗೆಂದು ಹಳೆಯ ಅವಿಭಕ್ತ ಕುಟುಂಬವನ್ನೇ ಮತ್ತೆ ತನ್ನಿ ಎಂದು ನಾನು ಹೇಳುತ್ತಿಲ್ಲ. ಅಲ್ಲಿ ಕಿರಿಯರ ಬಾಯಿಗೆ ಬೀಗ, ಸೊಸೆಯಂದಿರಿಗೆ ಸವೆಯದ ದುಡಿಮೆ. ಒಲೆ ಬೇರೆಯಾಗಬೇಕೆಂದು ಸೊಸೆ ಕೇಳಿದರೆ ಅದು ಮನೆ ಮುರಿಯುವ ಮಾತಲ್ಲ. ಹಲವು ಸಲ ಅದು ನ್ಯಾಯವಾದ ಮಾತು. ಹೆಣ್ಣುಮಕ್ಕಳನ್ನು ಲೆಕ್ಕದಿಂದ ಬಿಡುವ ಕಾಲವೂ ಮುಗಿಯಿತು. ಹಿಂದೂ ಉತ್ತರಾಧಿಕಾರ ಕಾಯ್ದೆಗೆ 2005ರಲ್ಲಿ ಆದ ತಿದ್ದುಪಡಿಯಂತೆ ಪಿತ್ರಾರ್ಜಿತ ಆಸ್ತಿಯಲ್ಲಿ ಮಗಳಿಗೂ ಮಗನಷ್ಟೇ ಹಕ್ಕಿದೆ. ಅವಳನ್ನು ಕರೆಯದೆ ಮಾಡಿದ ಪಾಲು ನಾಳೆ ನ್ಯಾಯಾಲಯದ ಮೆಟ್ಟಿಲು ಹತ್ತುತ್ತದೆ.

ಹಾಗಾದರೆ ಮಾಡಬೇಕಾದದ್ದೇನು? ಯಾರ ಹಕ್ಕು ಎಷ್ಟೆಂಬುದು ಕಾಗದದಲ್ಲಿ ಸ್ಪಷ್ಟವಾಗಿರಲಿ; ಉಳುಮೆ, ನೀರು, ಮಾರಾಟ ಮಾತ್ರ ಒಟ್ಟಿಗಿರಲಿ. ಮೇಲ್ವಿಚಾರಣೆಗೆ ಹಿರಿಯನೇ ಆಗಬೇಕೆಂದಿಲ್ಲ. ಲೆಕ್ಕ ಬಲ್ಲವರು, ತಂಗಿಯಾದರೂ ಸರಿ, ನೋಡಿಕೊಳ್ಳಲಿ. ಖರ್ಚು-ವರಮಾನದ ಪುಸ್ತಕ ಎಲ್ಲರ ಕಣ್ಣಿಗೂ ಬೀಳುವಂತಿರಲಿ. ಸುಗ್ಗಿ ಮುಗಿದ ಮೇಲೆ ಎಲ್ಲರೂ ಕೂಡಿ ಲೆಕ್ಕ ನೋಡಿ, ಬೇಕಾದರೆ ಮುಂದುವರಿಸಲಿ. ಬಿಡಬೇಕೆನ್ನುವವರಿಗೆ ಬಿಡುವ ದಾರಿಯೂ ಇರಲಿ. ಎಷ್ಟೋ ಒಗ್ಗಟ್ಟು ಮುರಿಯುವುದು ಪ್ರೀತಿ ಸಾಲದೆ ಅಲ್ಲ, ಲೆಕ್ಕ ಇಡದೆ.

ಮುಂದಿನ ಸಲ ನಿಮ್ಮ ಮನೆಯಲ್ಲಿ ಪಾಲಿನ ಮಾತು ಬಂದಾಗ, ಹಗ್ಗ ಹಿಡಿಯುವ ಮೊದಲು ಅಕ್ಕತಂಗಿಯರನ್ನೂ ಕರೆದು ಒಂದು ಸಂಜೆ ಕುಳಿತು ಮಾತನಾಡಿ. ಹಗ್ಗ ಎಲ್ಲಿಗೂ ಹೋಗುವುದಿಲ್ಲ. ಒಮ್ಮೆ ಹಾಕಿದ ಬದುವನ್ನು ಮಾತ್ರ ಮತ್ತೆ ಕೀಳುವುದು ಕಷ್ಟ.