ಹತ್ತಿಸುವುದು ನಾಲ್ಕು ಚಕ್ರ, ಇಳಿಸುವುದು ಯಾವುದು?

ರಜೆ ಬಂತೆಂದರೆ ನಮ್ಮ ಗಡಿಭಾಗದ ಶಾಲೆಗಳಲ್ಲಿ ಊಟಿಯ ಮಾತು ಶುರು. ತಾಳವಾಡಿ ಕಡೆಯಿಂದ ಹೊರಟವರು ದಿಂಬಂ ಘಾಟಿಯ 27 ಹೇರ್‌ಪಿನ್ ತಿರುವು ಇಳಿದು, ಬಣ್ಣಾರಿ ಅಮ್ಮನಿಗೆ ಕೈ ಮುಗಿದು, ಸತ್ಯಮಂಗಲದ ಬಯಲು ದಾಟಿ ಮೆಟ್ಟುಪಾಳ್ಯಂ ಸೇರುತ್ತಾರೆ. ಅಲ್ಲಿ ಇಡ್ಲಿ ತಿಂದು, ಕಲ್ಲಾರ್‌ನ ಅಡಿಕೆ ತೋಟ ದಾಟಿದರೆ ನೀಲಗಿರಿಯ ಏರು. ಕೂನೂರಿನ ತನಕ 14 ಹೇರ್‌ಪಿನ್ ತಿರುವು. ಮಕ್ಕಳಿಗೆ ಖುಷಿ, ಡ್ರೈವರಿಗೆ ಪರೀಕ್ಷೆ.

ಇತ್ತೀಚೆಗೆ ನಮ್ಮ ಸಹೋದ್ಯೋಗಿಯೊಬ್ಬರು ಇದೇ ದಾರಿಯಲ್ಲಿ ಮನೆಯವರನ್ನು ಕರೆದುಕೊಂಡು ಹೋಗಿದ್ದರು. ಜೊತೆಗೆ ನಾವೂ ಇದ್ದೆವು. ಅವರು ಆಗಷ್ಟೇ ಸೆಕೆಂಡ್ ಹ್ಯಾಂಡಿನಲ್ಲಿ ಒಂದು ಕ್ರಾಸ್‌ಓವರ್ ಕಾರು ಕೊಂಡಿದ್ದರು. ಆಲ್ ವ್ಹೀಲ್ ಡ್ರೈವ್, ಅಂದರೆ ನಾಲ್ಕೂ ಚಕ್ರಕ್ಕೆ ಎಂಜಿನ್ ಬಲ ಹೋಗುವ ಕಾರು. ಮಾರಿಸಿದ ದಲ್ಲಾಳಿ ಹೇಳಿದ್ದನಂತೆ: "ಘಾಟ್ ರೋಡಿಗೆ ಇದಕ್ಕಿಂತ ಸೇಫ್ ಗಾಡಿ ಇಲ್ಲ ಸಾರ್, ನಾಲ್ಕು ಚಕ್ರವೂ ಹಿಡ್ಕೊಳ್ಳುತ್ತೆ." ಹತ್ತುವಾಗ ನಿಜಕ್ಕೂ ಸೊಗಸಾಗಿ ಹತ್ತಿತು. ಮಳೆ ಬಿದ್ದು ನೆಂದ ತಿರುವಿನಲ್ಲೂ ಒಂದು ಚಕ್ರ ಜಾರಲಿಲ್ಲ. ಇಳಿಯುವಾಗ ಬರ್ಲಿಯಾರ್ ಹತ್ತಿರ ಬರುವಷ್ಟರಲ್ಲಿ ಸುಟ್ಟ ವಾಸನೆ. ಬ್ರೇಕ್ ಪೆಡಲು ಮೆತ್ತಗಾಗಿ ಕೆಳಗೆ ಹೋಗತೊಡಗಿತು. ಹೇಗೋ ಹಣ್ಣಿನ ಅಂಗಡಿಗಳ ಪಕ್ಕ ನಿಲ್ಲಿಸಿದರು. ಮುಂದಿನ ಚಕ್ರಗಳಿಂದ ಹೊಗೆ! ಹಿಂದಿನ ಸೀಟಿನಲ್ಲಿ ಮೂರು ಮಕ್ಕಳು.

"ಸಾರ್, ನಾಲ್ಕು ಚಕ್ರದ ಗಾಡಿ ಇದು, ಹೀಗೆ ಯಾಕಾಯ್ತು?" ಎಂದು ಅವರು ನಮ್ಮನ್ನೇ ಕೇಳಿದರು. ಅಲ್ಲೇ ಚಹಾ ಕುಡಿಯುತ್ತಿದ್ದ ತರಕಾರಿ ಲಾರಿಯ ಡ್ರೈವರ್ ತಮಿಳಿನಲ್ಲಿ ಕೇಳಿದ್ದು ಒಂದೇ ಪ್ರಶ್ನೆ: ಯಾವ ಗೇರಿನಲ್ಲಿ ಇಳಿದಿರಿ? ನಮ್ಮ ಸಹೋದ್ಯೋಗಿಯ ಬಳಿ ಉತ್ತರವಿರಲಿಲ್ಲ. ಕಾರಿನದ್ದೇನೂ ತಪ್ಪಿರಲಿಲ್ಲ. ತಪ್ಪಿದ್ದು ತಿಳುವಳಿಕೆ. ಆ ತಿಳುವಳಿಕೆ ಹೈಸ್ಕೂಲಿನ ವಿಜ್ಞಾನ ಪುಸ್ತಕದಲ್ಲೇ ಇದೆ ಎಂಬುದು ಮೇಷ್ಟ್ರಾದ ನಮಗೆ ಇನ್ನೂ ನಾಚಿಕೆಯ ವಿಷಯ. ಅದಕ್ಕೇ ಈ ಬರಹ.

ಮೊದಲು ಈ ಕಾರಿನೊಳಗೆ ಏನಾಗುತ್ತದೆ ನೋಡೋಣ. ಇಂದಿನ ಬಹುಪಾಲು ಕ್ರಾಸ್‌ಓವರ್‌ಗಳು ಮೂಲದಲ್ಲಿ ಮುಂದಿನ ಚಕ್ರ ಎಳೆಯುವ ಸಾಮಾನ್ಯ ಕಾರುಗಳೇ. ಎಂಜಿನ್ ಬಾನೆಟ್ಟಿನಡಿ ಅಡ್ಡಲಾಗಿ ಕೂತಿರುತ್ತದೆ. ಗೇರ್‌ಬಾಕ್ಸಿನಿಂದ ಬಂದ ಬಲ ಡಿಫರೆನ್ಷಿಯಲ್ ಮೂಲಕ ಮುಂದಿನ ಎರಡು ಚಕ್ರಕ್ಕೆ ಹಂಚಿಕೆಯಾಗುತ್ತದೆ. ಡಿಫರೆನ್ಷಿಯಲ್ ಯಾಕೆ ಬೇಕು? ತಿರುವಿನಲ್ಲಿ ಹೊರಗಿನ ಚಕ್ರ ಹೆಚ್ಚು ದೂರ ಓಡಬೇಕು, ಒಳಗಿನದು ಕಡಿಮೆ. ಎರಡನ್ನೂ ಒಂದೇ ಕಬ್ಬಿಣದ ಸರಳಿಗೆ ಬಿಗಿದರೆ ಒಂದು ಚಕ್ರ ಉಜ್ಜಿಕೊಂಡೇ ಹೋಗಬೇಕಾಗುತ್ತದೆ. ಡಿಫರೆನ್ಷಿಯಲ್ ಇದ್ದರೆ ಎರಡೂ ತಮ್ಮ ತಮ್ಮ ವೇಗದಲ್ಲಿ ಸುತ್ತಬಹುದು. ಆದರೆ ಅದಕ್ಕೊಂದು ದೌರ್ಬಲ್ಯವಿದೆ. ಒಂದು ಚಕ್ರ ಕೆಸರಿನಲ್ಲಿ ಜಾರಿದರೆ, ಹಿಡಿತವಿರುವ ಇನ್ನೊಂದು ಚಕ್ರಕ್ಕೂ ಜಾರುವ ಚಕ್ರದಷ್ಟೇ ಬಲ ಸಿಗುತ್ತದೆ. ಒಂದು ಗಿರಗಿರ ತಿರುಗುತ್ತದೆ, ಗಾಡಿ ನಿಂತಲ್ಲೇ ನಿಲ್ಲುತ್ತದೆ.

ಆಲ್ ವ್ಹೀಲ್ ಡ್ರೈವ್ ಕಾರಿನಲ್ಲಿ ಗೇರ್‌ಬಾಕ್ಸಿನ ಪಕ್ಕದಿಂದ ಒಂದು ಉದ್ದನೆಯ ಶಾಫ್ಟ್ ಕಾರಿನಡಿ ಹಾದು ಹಿಂದಕ್ಕೆ ಹೋಗುತ್ತದೆ. ಹಿಂದಿನ ಡಿಫರೆನ್ಷಿಯಲ್ಲಿನ ಮುಂಚೆ ಒಂದು ಕ್ಲಚ್ ಇದೆ. ತೆಳು ತಟ್ಟೆಗಳನ್ನು ಒಂದರ ಪಕ್ಕ ಒಂದು ಜೋಡಿಸಿ ಎಣ್ಣೆಯಲ್ಲಿ ಮುಳುಗಿಸಿಟ್ಟ ಕಟ್ಟು ಅದು. ತಟ್ಟೆಗಳು ಸಡಿಲವಾಗಿದ್ದರೆ ಹಿಂದಿನ ಚಕ್ರಕ್ಕೆ ಬಲವಿಲ್ಲ, ಅವು ಸುಮ್ಮನೆ ಉರುಳುತ್ತವೆ. ಒತ್ತಿದರೆ ಬಲ ಹೋಗುತ್ತದೆ. ಎಷ್ಟು ಒತ್ತಬೇಕೆಂದು ತೀರ್ಮಾನಿಸುವುದು ಕಂಪ್ಯೂಟರ್. ಪ್ರತಿ ಚಕ್ರದ ವೇಗ, ಸ್ಟೇರಿಂಗ್ ಎಷ್ಟು ತಿರುಗಿದೆ, ಆಕ್ಸಿಲರೇಟರ್ ಎಷ್ಟು ತುಳಿದಿದೆ ಎಂಬುದನ್ನು ಅದು ಸೆಕೆಂಡಿಗೆ ಹಲವು ಬಾರಿ ನೋಡುತ್ತಿರುತ್ತದೆ. ಮುಂದಿನ ಚಕ್ರ ಜಾರುವ ಸೂಚನೆ ಸಿಕ್ಕ ಕೂಡಲೇ ತಟ್ಟೆಗಳನ್ನು ಬಿಗಿ ಮಾಡುತ್ತದೆ. ಒಂದೇ ಪಕ್ಕದ ಚಕ್ರ ಜಾರಿದರೆ ಆ ಚಕ್ರಕ್ಕೆ ಮಾತ್ರ ಸಣ್ಣಗೆ ಬ್ರೇಕ್ ಒತ್ತಿ ಬಲವನ್ನು ಆಚೆ ಪಕ್ಕಕ್ಕೆ ದಾಟಿಸುವ ಜಾಣತನವೂ ಇದೆ. ಕೆಲವು ಹೈಬ್ರಿಡ್ ಮತ್ತು ಎಲೆಕ್ಟ್ರಿಕ್ ಕಾರುಗಳಲ್ಲಿ ಶಾಫ್ಟೇ ಇಲ್ಲ, ಹಿಂದಿನ ಚಕ್ರಕ್ಕೆ ಬೇರೆಯೇ ಮೋಟಾರು.

ನಮ್ಮ ಹಳೆಯ ಮಹೀಂದ್ರ ಜೀಪಿಗೂ ಇದಕ್ಕೂ ವ್ಯತ್ಯಾಸವಿದೆ. ಜೀಪಿನಲ್ಲಿ ಡ್ರೈವರೇ ಲಿವರ್ ಎಳೆದು ಮುಂದಿನ ಚಕ್ರಗಳನ್ನು ಹಿಂದಿನವುಗಳಿಗೆ ಗಟ್ಟಿಯಾಗಿ ಕಟ್ಟುತ್ತಾನೆ. ಕೆಸರಿಗೆ ಸರಿ, ಒಣ ಟಾರ್ ರಸ್ತೆಯ ತಿರುವಿನಲ್ಲಿ ಗೇರುಗಳು ತಿಣುಕಾಡುತ್ತವೆ. ಟಾರ್ ರಸ್ತೆಯಲ್ಲೂ ಸದಾ ನಾಲ್ಕು ಚಕ್ರ ಎಳೆಯುವ ಕಾರು ಹೆಸರು ಮಾಡಿದ್ದು 1980ರಲ್ಲಿ ಬಂದ ಆಡಿ ಕ್ವಾಟ್ರೊದಿಂದ. ಕಂಪ್ಯೂಟರ್ ಒತ್ತುವ ಕ್ಲಚ್ಚನ್ನು 1990ರ ದಶಕದ ಕೊನೆಯಲ್ಲಿ ಸ್ವೀಡನ್ನಿನ ಹಾಲ್ಡೆಕ್ಸ್ ಕಂಪನಿ ಜನಪ್ರಿಯಗೊಳಿಸಿತು. ನಮ್ಮ ದೇಶದಲ್ಲಿ 2022ರಲ್ಲಿ ಬಂದ ಮಾರುತಿ ಗ್ರ್ಯಾಂಡ್ ವಿಟಾರದ ಆಲ್‌ಗ್ರಿಪ್ ಮಾದರಿಯಲ್ಲಿ ಆಟೋ, ಸ್ಪೋರ್ಟ್, ಸ್ನೋ, ಲಾಕ್ ಎಂಬ ನಾಲ್ಕು ಆಯ್ಕೆ ಕೊಟ್ಟರು. ಆದರೆ ಜೀಪಿನಲ್ಲಿದ್ದ ಅತಿ ನಿಧಾನದ 'ಲೋ' ಗೇರು ಇಂಥ ಕ್ರಾಸ್‌ಓವರ್‌ಗಳಲ್ಲಿ ಸಾಮಾನ್ಯವಾಗಿ ಇರುವುದಿಲ್ಲ. ಇದನ್ನು ನೆನಪಿಡಬೇಕು.

ಘಾಟಿಯಲ್ಲಿ ಇದರಿಂದ ಉಪಯೋಗವಿದೆಯೆ? ಖಂಡಿತ ಇದೆ. ಏರುವಾಗ ಗಾಡಿಯ ಭಾರ ಹಿಂದಕ್ಕೆ ವಾಲುತ್ತದೆ, ಮುಂದಿನ ಚಕ್ರದ ಹಿಡಿತ ಕಡಿಮೆಯಾಗುತ್ತದೆ. ಹೇರ್‌ಪಿನ್ ತಿರುವಿನಲ್ಲಿ ಒಳಗಿನ ಚಕ್ರ ಇನ್ನೂ ಹಗುರ. ಮಳೆಯಲ್ಲಿ ಅಲ್ಲೇ ಚಕ್ರ ಜಾರುವುದು. ಆಗ ಹಿಂದಿನ ಚಕ್ರಗಳು ತಳ್ಳಿದರೆ ಗಾಡಿ ನಿರಾಳವಾಗಿ ಏರುತ್ತದೆ. ಎಸ್ಟೇಟಿನ ಮಣ್ಣು ದಾರಿಯಲ್ಲಿ ಓಡಾಡುವವರಿಗೆ ಇದು ಆಡಂಬರವಲ್ಲ, ಅಗತ್ಯ.

ಆದರೆ ನಿಲ್ಲಿಸುವುದಕ್ಕೆ? ಇಲ್ಲೇ ಜನ ಮೋಸ ಹೋಗುವುದು. ಬ್ರೇಕ್ ಎಲ್ಲ ಕಾರಿಗೂ ನಾಲ್ಕು ಚಕ್ರಕ್ಕೇ ಇದೆ! ಅತಿ ಅಗ್ಗದ ಕಾರಿಗೂ ಅಷ್ಟೇ, ದುಬಾರಿ ಕಾರಿಗೂ ಅಷ್ಟೇ. ಎಂಜಿನ್ ಎಷ್ಟು ಚಕ್ರ ಎಳೆಯುತ್ತದೆ ಎಂಬುದಕ್ಕೂ ಬ್ರೇಕಿಗೂ ಸಂಬಂಧವಿಲ್ಲ. ಜೋರಾಗಿ ಬ್ರೇಕ್ ತುಳಿದಾಗ ಎಬಿಎಸ್ ಪ್ರತಿ ಚಕ್ರವನ್ನು ಬೇರೆ ಬೇರೆಯಾಗಿ ನೋಡಿಕೊಳ್ಳಲೆಂದು ಹಿಂದಿನ ಕ್ಲಚ್ಚನ್ನು ಕಂಪ್ಯೂಟರೇ ಸಡಿಲ ಬಿಡುವುದೂ ಉಂಟು. ನಿಲ್ಲಿಸುವುದು ಟೈರು ಮತ್ತು ರಸ್ತೆಯ ನಡುವಿನ ಘರ್ಷಣೆ.

ತರಗತಿಯಲ್ಲಿ ಮಾಡಿಸಬಹುದಾದ ಲೆಕ್ಕ ನೋಡಿ. ಗಂಟೆಗೆ 40 ಕಿ.ಮೀ. ವೇಗ. ಒಣ ಸಮತಟ್ಟು ರಸ್ತೆಯಲ್ಲಿ ಘರ್ಷಣಾ ಗುಣಾಂಕ 0.7 ಎಂದುಕೊಂಡರೆ ಬ್ರೇಕ್ ಹಿಡಿದ ಮೇಲೆ ಕಾರು ಸುಮಾರು 9 ಮೀಟರ್ ಓಡಿ ನಿಲ್ಲುತ್ತದೆ. ನೆಂದ ರಸ್ತೆಗೆ 0.4 ಹಿಡಿಯಿರಿ: ಸುಮಾರು 16 ಮೀಟರ್. ಅದೇ ನೆಂದ ರಸ್ತೆ ನೂರಕ್ಕೆ ಎಂಟರಂತೆ ಇಳಿಜಾರಾದರೆ ಸುಮಾರು 20 ಮೀಟರ್. ಈ ಲೆಕ್ಕದಲ್ಲಿ ಎಂಜಿನ್ ಎಷ್ಟು ಚಕ್ರ ಎಳೆಯುತ್ತದೆ ಎಂಬ ಅಂಕಿಯೇ ಬರುವುದಿಲ್ಲ. ಚೆನ್ನಾಗಿ ಹತ್ತಿತು ಎಂಬ ಧೈರ್ಯದಲ್ಲಿ ಇಳಿಯುವಾಗ 40ರ ಬದಲು 50ರಲ್ಲಿ ಹೋದರೆ ಆ 20 ಮೀಟರ್ 30 ದಾಟುತ್ತದೆ.

ಇನ್ನೊಂದು ಲೆಕ್ಕ. ಕೂನೂರಿನಿಂದ ಮೆಟ್ಟುಪಾಳ್ಯಂಗೆ ಇಳಿಯುವ ಎತ್ತರ ಸುಮಾರು 1,400 ಮೀಟರ್. ಜನ, ಸಾಮಾನು ಸೇರಿ 1,500 ಕಿಲೋ ತೂಗುವ ಕಾರು ಅಷ್ಟು ಇಳಿಯುವಾಗ ಕಳೆದುಕೊಳ್ಳಬೇಕಾದ ಪ್ರಚ್ಛನ್ನ ಶಕ್ತಿ ಎರಡು ಕೋಟಿ ಜೌಲ್‌ಗೂ ಮೇಲು. ಈ ಶಕ್ತಿಯಲ್ಲಿ ಸುಮಾರು 65 ಲೀಟರ್ ತಣ್ಣೀರನ್ನು ಕುದಿಯುವ ತನಕ ಕಾಯಿಸಬಹುದು. ಒಂದು ದೊಡ್ಡ ಹಂಡೆ ನೀರು! ಒಂದಷ್ಟನ್ನು ಗಾಳಿ ಮತ್ತು ಟೈರು ತಿನ್ನುತ್ತವೆ. ಉಳಿದಿದ್ದು ಎಂಜಿನ್ನಿಗೆ ಹೋಗಬೇಕು, ಇಲ್ಲವೇ ಬ್ರೇಕಿಗೆ. ಕಡಿಮೆ ಗೇರಿನಲ್ಲಿ ಇಳಿದರೆ ಎಂಜಿನ್ನೇ ಗಾಡಿಯನ್ನು ಹಿಡಿದಿಡುತ್ತದೆ. ಟಾಪ್ ಗೇರಿನಲ್ಲೋ ನ್ಯೂಟ್ರಲ್ಲಿನಲ್ಲೋ ಇಳಿದರೆ ಹಂಡೆಯ ಬೆಂಕಿಯೆಲ್ಲ ಬ್ರೇಕಿನ ಮೇಲೆ. ಡಾಟ್ 4 ಎಂಬ ಬ್ರೇಕ್ ಆಯಿಲ್ ಹೊಸದಿದ್ದಾಗ 230 ಡಿಗ್ರಿ ಸೆಲ್ಸಿಯಸ್‌ಗಿಂತ ಮೊದಲು ಕುದಿಯಬಾರದೆಂಬುದು ನಿಯಮ. ಗಾಳಿಯ ತೇವ ಹೀರಿಕೊಂಡು ಹಳತಾದರೆ ಆ ಮಿತಿ 155ಕ್ಕೆ ಇಳಿಯುತ್ತದೆ. ಕುದಿದರೆ ಪೈಪಿನಲ್ಲಿ ಆವಿಯ ಗುಳ್ಳೆ. ದ್ರವವನ್ನು ಅದುಮಿದರೆ ಒತ್ತಡ ಹಾಗೇ ದಾಟುತ್ತದೆ, ಆವಿ ಮಾತ್ರ ಕುಗ್ಗಿಬಿಡುತ್ತದೆ. ಪೆಡಲು ಮೆತ್ತಗಾಗುವುದು ಹೀಗೆ. ಬರ್ಲಿಯಾರ್‌ನಲ್ಲಿ ನಮ್ಮ ಸಹೋದ್ಯೋಗಿಯ ಕಾಲಿಗೆ ತಗುಲಿದ್ದು ಇದೇ.

ಒಂದು ಮಾತು ಒಪ್ಪಿಕೊಳ್ಳಬೇಕು. ಕೆಸರಿನ ಇಳಿಜಾರಿನಲ್ಲಿ ಕ್ಲಚ್ ಬಿಗಿಯಾಗಿದ್ದರೆ ಎಂಜಿನ್ನಿನ ತಡೆ ನಾಲ್ಕೂ ಚಕ್ರಕ್ಕೆ ಹಂಚಿಕೆಯಾಗಿ ಗಾಡಿ ನೇರ ನಿಲ್ಲುತ್ತದೆ. ಕೆಲವು ಕಾರುಗಳಲ್ಲಿ ಇಳಿಜಾರನ್ನು ನಿಧಾನವಾಗಿ ಇಳಿಸುವ ಬಟನ್ ಇದೆ. ಆದರೆ ಅದು ಕೆಲಸ ಮಾಡುವುದೂ ಅದೇ ಬ್ರೇಕುಗಳಿಂದ. ಮೈಲುಗಟ್ಟಲೆ ಘಾಟಿಗೆ ಗೇರೇ ಗತಿ.

ಇದನ್ನೆಲ್ಲ ಕಲಿಯಲು ಮೆಟ್ಟುಪಾಳ್ಯಂ ರೈಲು ನಿಲ್ದಾಣಕ್ಕಿಂತ ಒಳ್ಳೆಯ ಪ್ರಯೋಗಶಾಲೆ ಇಲ್ಲ. ಉಕ್ಕಿನ ಹಳಿಯ ಮೇಲೆ ಉಕ್ಕಿನ ಚಕ್ರಕ್ಕೆ ಹಿಡಿತ ಬಹಳ ಕಡಿಮೆ. ಕಲ್ಲಾರ್‌ನಿಂದ ಕೂನೂರಿನ ತನಕ ಸುಮಾರು ಹನ್ನೆರಡು ಅಡಿಗೆ ಒಂದಡಿಯ ಏರು. ಚಕ್ರ ಸುಲಭವಾಗಿ ಜಾರಬಹುದು. ಅದಕ್ಕೇ ಸ್ವಿಟ್ಜರ್ಲೆಂಡಿನ ರೋಮನ್ ಆಬ್ಟ್ ಎಂಬ ಎಂಜಿನಿಯರ್ ರೂಪಿಸಿದ ಹಲ್ಲಿನ ಹಳಿಯನ್ನು ನಡುವೆ ಹಾಸಿದರು. ಎಂಜಿನ್ನಿನ ಹಲ್ಲುಚಕ್ರ ಅದಕ್ಕೆ ಕಚ್ಚಿಕೊಂಡು ಏರುತ್ತದೆ. ಕೂನೂರಿಗೆ ರೈಲು ಬಂದದ್ದು 1899ರಲ್ಲಿ, ಊಟಿಗೆ 1908ರಲ್ಲಿ. 2005ರಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು.

ನಮಗೆ ಈ ರೈಲಿನಲ್ಲಿ ಹೆಚ್ಚು ಮೆಚ್ಚಿಗೆಯಾಗುವುದು ಅದರ ಹತ್ತುವ ಶಕ್ತಿಯಲ್ಲ. ಎಂಜಿನ್ ಬೆಟ್ಟದ ಕೆಳಬದಿಯಲ್ಲಿ ನಿಂತು ಡಬ್ಬಿಗಳನ್ನು ತಳ್ಳುತ್ತದೆ, ಯಾವ ಡಬ್ಬಿಯೂ ಕಳಚಿ ಕೆಳಗೆ ಓಡದಿರಲಿ ಎಂದು. ಡಬ್ಬಿಗಳ ಮೇಲೆ ಬ್ರೇಕ್ ಹಿಡಿಯುವ ಮನುಷ್ಯರಿರುತ್ತಾರೆ. ಹಲ್ಲಿನ ಹಳಿಯ ಮೇಲೆ ವೇಗ ಗಂಟೆಗೆ ಸುಮಾರು 13 ಕಿ.ಮೀ. ಮಾತ್ರ. ಹತ್ತಿಸುವ ಹಲ್ಲೇ ಇಳಿಯುವಾಗಲೂ ಕಚ್ಚಿ ಹಿಡಿಯುತ್ತದೆ. ಅಷ್ಟಿದ್ದೂ ಅವರು ಬ್ರೇಕಿಗೆ ಇಷ್ಟು ಎಚ್ಚರ ವಹಿಸಿದರು. ಹತ್ತಿಸಲು ಮಾತ್ರ ನೆರವಾಗುವ ಕ್ಲಚ್ಚನ್ನು ನಂಬಿ ನಾವು ಎಚ್ಚರ ಬಿಡುವುದೆ?

ಅದೇ ಮೆಟ್ಟುಪಾಳ್ಯಂನ ತರಕಾರಿ ಮಂಡಿಗೆ ಹೋಗಿ ನೋಡಿ. ನೀಲಗಿರಿಯ ಆಲೂಗಡ್ಡೆ, ಕ್ಯಾರೆಟ್ ಹೊತ್ತು ಇಳಿದು ಬರುವ ಲಾರಿಗಳಿಗೆ ಆಲ್ ವ್ಹೀಲ್ ಡ್ರೈವ್ ಇಲ್ಲ. ಹಿಂದಿನ ಚಕ್ರ ತಳ್ಳುವ ಸಾಧಾರಣ ಲಾರಿಗಳು. ಹತ್ತಿದ ಗೇರಿನಲ್ಲೇ ಇಳಿ ಎಂಬುದು ಅವರ ಪಾಠ. ಅದು ಶಾಲೆ ಬಿಟ್ಟವರಿಗೆ ಗೊತ್ತು, ಶಾಲೆ ನಡೆಸುವ ನಮಗೆ ಗೊತ್ತಿರಲಿಲ್ಲ.

2023ರ ಸೆಪ್ಟೆಂಬರ್ 30ರಂದು ಇದೇ ದಾರಿಯ ಮರಪಾಲಂ ಬಳಿ ಪ್ರವಾಸಿ ಬಸ್ಸೊಂದು ಕಂದಕಕ್ಕೆ ಉರುಳಿ ಹಲವರು ಜೀವ ಕಳೆದುಕೊಂಡರು. ಆ ಅಪಘಾತದ ಕಾರಣ ಹೇಳುವುದು ನಮ್ಮ ಕೆಲಸವಲ್ಲ. ಆದರೆ ಮಕ್ಕಳನ್ನು ಆ ದಾರಿಯಲ್ಲಿ ಕರೆದೊಯ್ಯುವವರು ನಾವು. ಹೊರಡುವ ಮುಂಚೆ ನಾಲ್ಕು ಪ್ರಶ್ನೆ ಕೇಳೋಣ. ಟೈರಿನ ಗೀರು ಎಷ್ಟು ಉಳಿದಿದೆ? ಕಾನೂನು ಹೇಳುವ ಕನಿಷ್ಠ 1.6 ಮಿಲಿಮೀಟರ್, ಮಳೆಗಾಲಕ್ಕೆ ಅದೂ ಸಾಲದು. ಬ್ರೇಕ್ ಆಯಿಲ್ ಬದಲಿಸಿ ಎಷ್ಟು ದಿನವಾಯಿತು? ಡ್ರೈವರ್ ಮೊದಲು ಘಾಟಿ ಇಳಿದಿದ್ದಾನೆಯೆ? ಆಟೋಮ್ಯಾಟಿಕ್ ಗಾಡಿಯಾದರೆ ಕಡಿಮೆ ಗೇರಿಗೆ ಹಾಕುವುದು ಹೇಗೆಂದು ಗೊತ್ತಿದೆಯೆ? ನಾಲ್ಕು ಚಕ್ರ ಎಳೆಯುತ್ತದೆಯೆ ಎಂಬ ಪ್ರಶ್ನೆ ಇವೆಲ್ಲ ಮುಗಿದ ಮೇಲೆ.

ಕೊನೆಯದಾಗಿ ನಮ್ಮ ಮೇಷ್ಟ್ರು ಬಂಧುಗಳಿಗೆ ಒಂದು ಮಾತು. ಕನ್ನಡ ಮಾಧ್ಯಮದಲ್ಲಿ ಓದಿದ ಮಕ್ಕಳಿಗೆ ಕಾರು, ಕಂಪ್ಯೂಟರಿನ ವಿಷಯ ಎಲ್ಲಿ ಅರ್ಥವಾಗುತ್ತದೆ ಎಂದು ಕೇಳುವವರಿದ್ದಾರೆ. ಘರ್ಷಣೆ, ಪ್ರಚ್ಛನ್ನ ಶಕ್ತಿ, ಕುದಿಯುವ ಬಿಂದು, ದ್ರವದ ಒತ್ತಡ... ಮೇಲೆ ಹೇಳಿದ್ದರಲ್ಲಿ ನಮ್ಮ ಪಾಠದಲ್ಲಿ ಇಲ್ಲದ್ದು ಏನಿದೆ? ಅದನ್ನು ದಿಂಬಂ ಘಾಟಿಗೂ ಮೆಟ್ಟುಪಾಳ್ಯಂ ರೈಲಿಗೂ ಜೋಡಿಸಿ ಹೇಳುವ ಕೆಲಸ ಮಾತ್ರ ಬಾಕಿ. ಹಾಗೆ ಹೇಳಿಕೊಟ್ಟರೆ, ನಾಳೆ ಅಪ್ಪ ಟಾಪ್ ಗೇರಿನಲ್ಲಿ ಘಾಟಿ ಇಳಿಯುವಾಗ ಹಿಂದಿನ ಸೀಟಿನಿಂದ ಒಂದು ಮಗುವಾದರೂ "ಅಪ್ಪಾ, ಸೆಕೆಂಡ್ ಗೇರಿಗೆ ಹಾಕು" ಎಂದು ಹೇಳೀತು. ನಮ್ಮ ಪಾಠಕ್ಕೆ ಅದಕ್ಕಿಂತ ದೊಡ್ಡ ಪರೀಕ್ಷೆ ಬೇಕೆ?