ಕ್ರ್ಯಾಶ್ ಆದ ಮೇಲೆ ಮಹಜರು ಯಾರು ಮಾಡುತ್ತಾರೆ?

2024ರ ಜುಲೈ 19, ಶುಕ್ರವಾರ. ಬೆಂಗಳೂರು ವಿಮಾನ ನಿಲ್ದಾಣದಲ್ಲಿ ಕೆಲವು ವಿಮಾನಯಾನ ಕಂಪನಿಗಳ ಸಿಬ್ಬಂದಿ ಕಂಪ್ಯೂಟರ್ ಬದಿಗಿಟ್ಟು ಕೈಯಲ್ಲೇ ಚೆಕ್-ಇನ್ ಮಾಡಬೇಕಾಯಿತು. ಕ್ರೌಡ್‌ಸ್ಟ್ರೈಕ್ ಎಂಬ ಭದ್ರತಾ ಕಂಪನಿ ಕಳಿಸಿದ ಒಂದು ಅಪ್‌ಡೇಟ್‌ನಿಂದ ಜಗತ್ತಿನಾದ್ಯಂತ ವಿಂಡೋಸ್ ಯಂತ್ರಗಳು ನೀಲಿ ಪರದೆ ತೋರಿಸಿ ನಿಂತಿದ್ದವು. ಮೈಕ್ರೋಸಾಫ್ಟ್ ಅಂದಾಜಿನ ಪ್ರಕಾರ ಅಂಥ ಯಂತ್ರಗಳ ಸಂಖ್ಯೆ ಸುಮಾರು 85 ಲಕ್ಷ. 'ಯಾವಾಗ ಸರಿಹೋಗುತ್ತೆ?' ಎಂದು ಎಲ್ಲರೂ ಕೇಳಿದರು. 'ಯಾಕೆ ಬಿತ್ತು ಎಂದು ಹೇಗೆ ಕಂಡುಹಿಡಿಯುತ್ತಾರೆ?' ಎಂದು ಕೇಳಿದವರು ಕಡಿಮೆ.

ನಾನೂ ಕೇಳಿರಲಿಲ್ಲ, ಒಂದು ಸಂದರ್ಶನದಲ್ಲಿ ಪೇಚಿಗೆ ಸಿಕ್ಕಿಕೊಳ್ಳುವವರೆಗೆ. 'ನೀವು ಬರೆದ ಪ್ರೋಗ್ರಾಂ ಗ್ರಾಹಕರ ಹತ್ತಿರ ಬೀಳುತ್ತಿದೆ, ನಿಮ್ಮ ಲ್ಯಾಪ್‌ಟಾಪ್‌ನಲ್ಲಿ ಚೆನ್ನಾಗಿ ಓಡುತ್ತಿದೆ. ಎಲ್ಲಿಂದ ಶುರು ಮಾಡ್ತೀರಿ?' ಎಂದರು. 'ಅಲ್ಲಲ್ಲಿ ಪ್ರಿಂಟ್ ಹಾಕಿ ನೋಡ್ತೀನಿ ಸರ್' ಎಂದೆ. 'ಗ್ರಾಹಕರು ಇರೋದು ಜರ್ಮನಿಯಲ್ಲಿ' ಎಂದು ನಕ್ಕರು. ನಾಲ್ಕು ವರ್ಷ ಲ್ಯಾಬ್‌ನಲ್ಲಿ ಔಟ್‌ಪುಟ್ ಬಂದರೆ ಅಂಕ, ಬರದಿದ್ದರೆ ಪಕ್ಕದವನ ಕೋಡ್ ಎಂದು ಬೆಳೆದವನಿಗೆ ಅದಕ್ಕಿಂತ ಹೆಚ್ಚು ಹೊಳೆಯಲಿಲ್ಲ.

ಆಮೇಲೆ ತಿಳಿದುಕೊಂಡದ್ದು ಇಷ್ಟು. ಪ್ರೋಗ್ರಾಂ ಬಿದ್ದ ಕ್ಷಣದಲ್ಲಿ ಅದರ ಮೆಮೊರಿಯ ಸ್ಥಿತಿಯನ್ನು ಒಂದು ಫೈಲಿಗೆ ಇಳಿಸಿಡಬಹುದು. ಅದೇ ಡಂಪ್. ಅದರಲ್ಲಿ ಫಂಕ್ಷನ್‌ಗಳ ಗುರುತು ಸಿಗುವುದು ಬರೀ ಅಂಕಿಗಳಾಗಿ, ಅಂದರೆ ಮೆಮೊರಿಯ ವಿಳಾಸಗಳಾಗಿ. ಯಾವ ಫಂಕ್ಷನ್ ಯಾವುದನ್ನು ಕರೆಯಿತು ಎಂಬ ಸರಪಳಿಯನ್ನು ಹಿಂದಕ್ಕೆ ಹತ್ತಿ ನೋಡಬೇಕು. ಪ್ರತಿ ಅಂಕಿಗೂ ಫಂಕ್ಷನ್ನಿನ ಹೆಸರು, ಫೈಲು, ಸಾಲಿನ ಸಂಖ್ಯೆ ಹಚ್ಚಬೇಕು. ಆ ಹೆಸರುಗಳನ್ನು 'ಸಿಂಬಲ್' ಎನ್ನುತ್ತಾರೆ. ಇದನ್ನೆಲ್ಲ ಪ್ರತಿ ಕಂಪನಿಯೂ ಹೊಸದಾಗಿ ಬರೆದುಕೊಳ್ಳುವುದಿಲ್ಲ. ಲಿನಕ್ಸ್‌ನಲ್ಲಿ ಲಿಬ್‌ಅನ್‌ವೈಂಡ್, ಲಿಬ್‌ಬ್ಯಾಕ್‌ಟ್ರೇಸ್, ಎಲ್ಫ್‌ಯುಟಿಲ್ಸ್, ವಿಂಡೋಸ್‌ನಲ್ಲಿ ಡಿಬಿಜಿಹೆಲ್ಪ್, ಹೀಗೆ ಹಲವರು ಹಂಚಿಕೊಂಡು ಬಳಸುವ ಲೈಬ್ರರಿಗಳಿವೆ. ಕ್ರೋಮ್ ಬ್ರೌಸರ್ ಬಿದ್ದಾಗ ವರದಿ ಸಿದ್ಧಮಾಡುವ ಕ್ರ್ಯಾಶ್‌ಪ್ಯಾಡ್ ಕೂಡ ಯಾರು ಬೇಕಾದರೂ ಬಳಸಬಹುದಾದ ಮುಕ್ತ ತಂತ್ರಾಂಶವೇ.

ಕ್ರೌಡ್‌ಸ್ಟ್ರೈಕ್ ಆಗಸ್ಟ್‌ನಲ್ಲಿ ಕೊಟ್ಟ ವಿವರಣೆ ಓದಿದರೆ ಆಶ್ಚರ್ಯವಾಗುತ್ತದೆ. ಒಂದು ಕಡೆ 21 ಮೌಲ್ಯಗಳು ಬರುತ್ತವೆ ಎಂದುಕೊಂಡಿದ್ದರು, ಕೋಡ್ ಒದಗಿಸುತ್ತಿದ್ದದ್ದು 20. ಇಲ್ಲದ 21ನೆಯದನ್ನು ಓದಲು ಹೋಗಿ ಯಂತ್ರ ಬಿತ್ತು. ಸಿ ಕಲಿಯುವಾಗ ಅರೇ ಗಡಿ ದಾಟಿ ಓದಬೇಡಿ ಎಂದು ಹೇಳಿಕೊಟ್ಟ ಪಾಠವೇ ಅದು.

ಅದೇ ವರ್ಷ ಮಾರ್ಚ್‌ನಲ್ಲಿ ನಡೆದ ಇನ್ನೊಂದು ಘಟನೆ ನಮ್ಮ ಪತ್ರಿಕೆಗಳಲ್ಲಿ ಅಷ್ಟಾಗಿ ಸುದ್ದಿಯಾಗಲಿಲ್ಲ. ನನ್ನ ಪ್ರಕಾರ ಅದು ಜುಲೈನದ್ದಕ್ಕಿಂತ ದೊಡ್ಡದು. ಆಂಡ್ರೆಸ್ ಫ್ರಾಯ್ಂಡ್ ಎಂಬ ಎಂಜಿನಿಯರ್ ಡೇಟಾಬೇಸ್ ಒಂದರ ವೇಗ ಅಳೆಯುತ್ತಿದ್ದರು. ದೂರದಿಂದ ಲಾಗಿನ್ ಆಗಲು ಬಳಸುವ ಎಸ್‌ಎಸ್‌ಎಚ್ ಅರ್ಧ ಸೆಕೆಂಡ್ ತಡವಾಗುತ್ತಿತ್ತು. ಬೇರೆಯವರಾಗಿದ್ದರೆ ನೆಟ್‌ವರ್ಕ್ ಸರಿಯಿಲ್ಲ ಎಂದು ಸುಮ್ಮನಾಗುತ್ತಿದ್ದರು. ಇವರು ಪರ್ಫ್ ಎಂಬ ಸಾಧನ ಹಾಕಿ ನೋಡಿದಾಗ, ಎಕ್ಸ್‌ಝಡ್ ಎಂಬ ಫೈಲ್ ಕುಗ್ಗಿಸುವ ತಂತ್ರಾಂಶದ ಲೈಬ್ರರಿಯಲ್ಲಿ ಸಮಯ ಹೋಗುತ್ತಿರುವುದು ಕಂಡಿತು. ಆದರೆ ಅಲ್ಲಿ ಓಡುತ್ತಿದ್ದ ಕೋಡಿಗೆ ಸಿಂಬಲ್ ಸಿಗಲಿಲ್ಲ. ಹೆಸರಿಲ್ಲದ ಕೋಡ್! ಕೆಲವು ವಾರಗಳ ಹಿಂದೆ ಮೆಮೊರಿ ತಪ್ಪುಗಳನ್ನು ಹುಡುಕುವ ವ್ಯಾಲ್‌ಗ್ರಿಂಡ್ ಕೊಟ್ಟಿದ್ದ ಒಂದು ವಿಚಿತ್ರ ದೂರೂ ಅವರಿಗೆ ನೆನಪಾಯಿತು. ಎರಡನ್ನೂ ಹಿಡಿದು ಹೊರಟಾಗ ಸಿಕ್ಕಿದ್ದು, ಎಕ್ಸ್‌ಝಡ್‌ನ 5.6.0 ಮತ್ತು 5.6.1 ಆವೃತ್ತಿಗಳಲ್ಲಿ ಯಾರೋ ಬೇಕೆಂದೇ ಇಟ್ಟಿದ್ದ ಕಳ್ಳಬಾಗಿಲು. ಮಾರ್ಚ್ 29ರಂದು ಅವರು ಅದನ್ನು ಬಹಿರಂಗಪಡಿಸಿದರು. ಇನ್ನೂ ಕೆಲವು ತಿಂಗಳು ಯಾರ ಕಣ್ಣಿಗೂ ಬೀಳದಿದ್ದರೆ ಅದು ಲೆಕ್ಕವಿಲ್ಲದಷ್ಟು ಲಿನಕ್ಸ್ ಸರ್ವರ್‌ಗಳನ್ನು ಸೇರುತ್ತಿತ್ತು.

ಅದನ್ನು ಇಟ್ಟವನು 'ಜಿಯಾ ಟಾನ್' ಎಂಬ ಹೆಸರಿನಲ್ಲಿ ಎರಡು ವರ್ಷಕ್ಕೂ ಹೆಚ್ಚು ಕಾಲ ನೆರವಾಗುತ್ತಲೇ ನಂಬಿಕೆ ಗಳಿಸಿದ್ದ. ಅಸಲಿ ನಿರ್ವಾಹಕರು ಸಂಬಳವಿಲ್ಲದೆ, ಬಿಡುವಿನಲ್ಲಿ ಈ ಕೆಲಸ ಮಾಡುತ್ತಿದ್ದವರು. ಇನ್ನೊಂದು ಸಂಗತಿ: ಕೆಲವು ಲಿನಕ್ಸ್‌ಗಳಲ್ಲಿ ಡಿಬಗ್ ಮಾಹಿತಿಯನ್ನೇ ಎಕ್ಸ್‌ಝಡ್‌ನಿಂದ ಕುಗ್ಗಿಸಿ ಇಟ್ಟಿರುತ್ತಾರೆ. ಜಿಡಿಬಿ ಎಂಬ ಡಿಬಗರ್ ಅದನ್ನು ಓದಲು ಇದೇ ಲೈಬ್ರರಿಯನ್ನು ಬಳಸುತ್ತದೆ. ಮಹಜರಿಗೆ ಬಂದವರ ಪೆನ್ನೂ ಅದೇ ಮನೆಯದು ಎಂದಂತಾಯಿತು.

ಕೋಡ್ ಬರೆದುಕೊಡುವ ಎಐ ಸಾಧನಗಳು ಬಂದಮೇಲೆ ನಮ್ಮ ಕೆಲಸ ಉಳಿಯುತ್ತದಾ ಎಂಬ ಚರ್ಚೆ ಹಾಸ್ಟೆಲ್‌ಗಳಲ್ಲಿ ದಿನವೂ ನಡೆಯುತ್ತಿದೆ. ಬರೆಯುವುದು ಸುಲಭವಾದಷ್ಟೂ ತಾನು ಬರೆಯದ ಕೋಡ್ ಬಿದ್ದಾಗ ಕಾರಣ ಹೇಳಬಲ್ಲವರು ಹೆಚ್ಚು ಬೇಕಾಗುತ್ತಾರೆ ಎಂದು ನನಗೆ ಅನಿಸುತ್ತದೆ. ನಾವು ಮಾತ್ರ ರೆಸ್ಯೂಮೆಗೆ ಇನ್ನೊಂದು ಫ್ರೇಮ್‌ವರ್ಕ್ ಸೇರಿಸುವುದರಲ್ಲೇ ಇದ್ದೇವೆ. ಈ ಲೈಬ್ರರಿಗಳನ್ನು ನಂಬಿರುವ ಕಂಪನಿಗಳೂ ಅವುಗಳನ್ನು ಕಾಯುವವರಿಗೆ ಎಷ್ಟು ಕೊಡುತ್ತಿವೆ ಎಂಬ ಪ್ರಶ್ನೆ 2024ರಿಂದ ಹಾಗೇ ಉಳಿದಿದೆ.

ಸಂದರ್ಶನದಿಂದ ವಾಪಸ್ ಬಂದ ವಾರ, ಗಡಿ ದಾಟಿ ಬೀಳುವಂಥ ಇಪ್ಪತ್ತು ಸಾಲಿನ ಸಿ ಪ್ರೋಗ್ರಾಂ ಒಂದನ್ನು ನಾನೇ ಬರೆದೆ. ಕಂಪೈಲ್ ಮಾಡುವಾಗ ಡಿಬಗ್ ಮಾಹಿತಿ ಸೇರಿಸಿ, ಜಿಡಿಬಿಯಲ್ಲಿ ಓಡಿಸಿ, ಬಿದ್ದ ಕೂಡಲೇ 'ಬಿಟಿ' ಎಂದು ಟೈಪ್ ಮಾಡಿದೆ. ಫಂಕ್ಷನ್ನಿನ ಹೆಸರು ಬಂತು, ಅದನ್ನು ಕರೆದದ್ದರ ಹೆಸರು ಬಂತು, ಜೊತೆಗೆ ಸಾಲಿನ ಸಂಖ್ಯೆ: 14. ಅದಕ್ಕೆ ಐದು ನಿಮಿಷವೂ ಬೇಕಾಗಲಿಲ್ಲ. ಅದನ್ನು ನಾಲ್ಕು ವರ್ಷದಲ್ಲಿ ಒಮ್ಮೆಯೂ ಮಾಡಿರಲಿಲ್ಲ.