ಕ್ಯಾಪಿಟಲ್ ಅಕ್ಷರ ಕಳೆದುಕೊಂಡ ಬಾಗಲಕೋಟೆ

"ಸಾಫ್ಟ್‌ವೇರ್‌ನವರಿಗೆ ಇದೇನು ಮಹಾ ಕೆಲಸ?" ಎಂದು ಪುಣೆಯ ನಮ್ಮ ಕನ್ನಡ ಬಳಗದವರು ಹಳೆಯ ಸದಸ್ಯರ ಪಟ್ಟಿಯನ್ನು ನನ್ನ ಕೈಗಿಟ್ಟರು. ಕೆಲವರ ಹೆಸರು ಎರಡೆರಡು ಸಲ ಇತ್ತು. ಒಂದು ಕಡೆ ಅವರ ಇ-ಮೇಲ್ ಕ್ಯಾಪಿಟಲ್ ಅಕ್ಷರಗಳಲ್ಲಿ, ಇನ್ನೊಂದು ಕಡೆ ಸ್ಮಾಲ್ ಅಕ್ಷರಗಳಲ್ಲಿ. ಕಂಪ್ಯೂಟರಿಗೆ ಎರಡೂ ಬೇರೆ ಬೇರೆ. ಪೈಥಾನ್‌ನ 'ಲೋಯರ್' ಫಂಕ್ಷನ್ ಹಾಕಿ ಇಡೀ ಪಟ್ಟಿಯನ್ನೇ ಸ್ಮಾಲ್ ಮಾಡಿ, ಅದೇ ಫೈಲಿನ ಮೇಲೆ ಸೇವ್ ಮಾಡಿದೆ. ಆಮೇಲೆ ಕನ್ನಡ ಲಿಪಿಗೆ ಪರಿವರ್ತಿಸಿ ವಾಟ್ಸಾಪ್ ಗುಂಪಿಗೆ ಕಳಿಸಿದೆ.

ಸಂಜೆಗೇ ಹಿರಿಯರೊಬ್ಬರ ಫೋನ್. "ತಮ್ಮಾ, ಬಗಲಕೊತೆ ಅಂತ ಊರು ಎಲ್ಲೈತೋ? ನಮ್ಮ ಓಣಿ ಆಲಮಟ್ಟಿ ಹಿನ್ನೀರಾಗ ಹೋತು. ಉಳಿದದ್ದು ಊರಿನ ಹೆಸರೊಂದ. ಅದನ್ನೂ ನೀ ಮುಳುಗಿಸಿದೆಲ್ಲೋ!" ನಗುತ್ತಲೇ ಹೇಳಿದರು. ನನಗೆ ನಗು ಬರಲಿಲ್ಲ.

ಆ ಪಟ್ಟಿಯಲ್ಲಿ ಹೆಸರು, ಊರು ಎಲ್ಲವೂ ಬರಹ ತಂತ್ರಾಂಶದ ರೀತಿಯಲ್ಲಿ ಇಂಗ್ಲಿಷ್ ಅಕ್ಷರಗಳಲ್ಲಿದ್ದವು. ನಿಮ್ಮಲ್ಲಿ ಹಲವರು ಹೀಗೆ ಟೈಪ್ ಮಾಡಿಯೇ ಕಲಿತವರು. ಸ್ಮಾಲ್ 'ಎಲ್' ಒತ್ತಿದರೆ ಲ, ಕ್ಯಾಪಿಟಲ್ ಒತ್ತಿದರೆ ಳ. 'ಟಿ'ಗೆ ತ ಮತ್ತು ಟ, 'ಎ'ಗೆ ಅ ಮತ್ತು ಆ, 'ಒ'ಗೆ ಒ ಮತ್ತು ಓ. ಇಲ್ಲಿ ಕ್ಯಾಪಿಟಲ್ ಎಂದರೆ ಅಲಂಕಾರವಲ್ಲ, ಬೇರೆಯದೇ ಅಕ್ಷರ. ಎಲ್ಲವನ್ನೂ ಸ್ಮಾಲ್ ಮಾಡಿದರೆ ಕಾಲ, ಕಾಳ, ಕಳ ಮೂರೂ 'ಕಲ' ಆಗುತ್ತವೆ. ಬಾಗಲಕೋಟೆ ಬಗಲಕೊತೆ ಆಗಿದ್ದು ಹೀಗೆ.

ಈ ಕೆಲಸವನ್ನು ನಾವು ಹಗುರವಾಗಿ ತೆಗೆದುಕೊಳ್ಳುವುದಕ್ಕೆ ಕಾರಣವಿದೆ. ಆಸ್ಕಿ ಸಂಕೇತದಲ್ಲಿ ಕ್ಯಾಪಿಟಲ್ 'ಎ' 65, ಸ್ಮಾಲ್ 'ಎ' 97. ಪ್ರತಿ ಅಕ್ಷರಕ್ಕೂ ಅದೇ 32ರ ಅಂತರ. ಒಂದು ಬಿಟ್ ಬದಲಿಸಿದರೆ ಮುಗಿಯಿತು. ಇಂಗ್ಲಿಷ್ ದಾಟಿದ ಕೂಡಲೇ ಈ ಲೆಕ್ಕ ನಡೆಯುವುದಿಲ್ಲ. ಟರ್ಕಿ ಭಾಷೆಯಲ್ಲಿ ಚುಕ್ಕೆ ಇರುವ 'ಐ' ಬೇರೆ, ಇಲ್ಲದ 'ಐ' ಬೇರೆ. ಜಾವಾದ ಫಂಕ್ಷನ್‌ಗೆ ಯಾವ ಭಾಷೆಯೆಂದು ಹೇಳದಿದ್ದರೆ ಅದು ಯಂತ್ರದ ಭಾಷೆಯನ್ನೇ ಹಿಡಿಯುತ್ತದೆ. ಹಾಗಾಗಿ ಬೆಂಗಳೂರಿನಲ್ಲಿ ಸರಿಯಾಗಿದ್ದ ಪ್ರೋಗ್ರಾಂ ಇಸ್ತಾಂಬುಲ್‌ನಲ್ಲಿ ಕೈಕೊಡಬಹುದು. ಜರ್ಮನ್‌ನ 'ಎಸ್‌ಸೆಟ್' ಎಂಬ ಅಕ್ಷರವನ್ನು ಪೈಥಾನ್‌ನಲ್ಲಿ ಕ್ಯಾಪಿಟಲ್ ಮಾಡಿದರೆ ಎರಡು 'ಎಸ್' ಬರುತ್ತವೆ. ಮತ್ತೆ ಸ್ಮಾಲ್ ಮಾಡಿದರೆ ಎರಡು 'ಎಸ್'ಗಳೇ ಉಳಿಯುತ್ತವೆ, ಮೂಲ ಅಕ್ಷರ ಮರಳುವುದಿಲ್ಲ. ಆ ಅಕ್ಷರಕ್ಕೆ ಕ್ಯಾಪಿಟಲ್ ರೂಪ ಜರ್ಮನ್ ಕಾಗುಣಿತದಲ್ಲಿ ಅಧಿಕೃತವಾಗಿದ್ದೇ 2017ರಲ್ಲಿ.

ಇದಕ್ಕೆಲ್ಲ ಲೈಬ್ರರಿಗಳಿವೆ. ಭಾಷೆಯ ನಿಯಮ ನೋಡಿ ಬದಲಿಸಲು 'ಐಸಿಯು', ಬರೀ ಹೋಲಿಕೆಗಾದರೆ ಪೈಥಾನ್‌ನಲ್ಲೇ 'ಕೇಸ್‌ಫೋಲ್ಡ್' ಎಂಬ ಫಂಕ್ಷನ್. ಆದರೆ ನನ್ನ ಪಟ್ಟಿಯನ್ನು ಇವು ಯಾವುವೂ ಕಾಪಾಡುತ್ತಿರಲಿಲ್ಲ. ಇಂಗ್ಲಿಷ್ ವೇಷದಲ್ಲಿರುವುದು ಕನ್ನಡ ಎಂದು ಲೈಬ್ರರಿಗೆ ಹೇಗೆ ಗೊತ್ತಾಗಬೇಕು? ಅದು ಗೊತ್ತಿದ್ದವನು ನಾನೊಬ್ಬನೇ. ಪಟ್ಟಿ ಯೂನಿಕೋಡ್ ಕನ್ನಡದಲ್ಲಿದ್ದಿದ್ದರೆ ಏನೂ ಆಗುತ್ತಿರಲಿಲ್ಲ. ನಮ್ಮ ಲಿಪಿಯಲ್ಲಿ ಕ್ಯಾಪಿಟಲ್, ಸ್ಮಾಲ್ ಎಂಬ ಭೇದವೇ ಇಲ್ಲ. 'ಲೋಯರ್' ಅದನ್ನು ಮುಟ್ಟದೆ ಹಾಗೇ ಬಿಡುತ್ತದೆ.

ಹಳೆಯ ಫೈಲಿನ ಪ್ರತಿ ಯಾರ ಬಳಿಯೂ ಸಿಗಲಿಲ್ಲ. ಮೂರು ಭಾನುವಾರ ಕೂತು ಒಬ್ಬೊಬ್ಬರಿಗೂ ಫೋನ್ ಮಾಡಿ, ಹೆಸರು, ಊರು ಕೇಳಿ ಬರೆದುಕೊಂಡೆ. ಊರು ಕೇಳಿದರೆ ಯಾರೂ ಒಂದೇ ಮಾತಿನಲ್ಲಿ ಹೇಳಿ ಮುಗಿಸಲಿಲ್ಲ. ಓಣಿ, ಗುಡಿ, ಜಾತ್ರೆ ಎಲ್ಲ ಬಂದವು.

ಈಗ ಹೋಲಿಕೆಗೆ ಬೇರೆ ಕಾಲಮ್ ಮಾಡಿದ್ದೇನೆ, ಮೂಲವನ್ನು ಮುಟ್ಟುವುದಿಲ್ಲ. ನಿಮ್ಮ ಸಂಘದ ಕಂಪ್ಯೂಟರಿನಲ್ಲೂ ಇಂಥ ಹಳೆಯ ಪಟ್ಟಿ ಇರಬಹುದು. ಕೈ ಹಾಕುವ ಮೊದಲು ಒಂದು ಪ್ರತಿ ತೆಗೆದಿಡಿ. ಹೊಸ ಪಟ್ಟಿಯಲ್ಲಿ ಮೊದಲು ತುಂಬಿದ ಊರು ಬಾಗಲಕೋಟೆ.